ಏರ್ ಫ್ರೈಯರ್ ವಿಮರ್ಶೆ: ಬಿಸಿಗಾಳಿಯಲ್ಲಿ ಕೋಡುಬಳೆ ಏಕೆ ತಡವಾಗುತ್ತದೆ

ಬೆಂಗಳೂರಿನ ಯಾವ ಗೃಹೋಪಯೋಗಿ ವಸ್ತುಗಳ ಅಂಗಡಿಗೆ ಹೋದರೂ ಮಿಕ್ಸಿ, ಗ್ರೈಂಡರುಗಳ ಪಕ್ಕದಲ್ಲಿ ಈಗ ಏರ್ ಫ್ರೈಯರುಗಳ ಸಾಲೇ ಇರುತ್ತದೆ. ಬಸವನಗುಡಿಯ ನಮ್ಮ ಮನೆಗೆ ಬಂದದ್ದು 4 ಲೀಟರ್ ಬುಟ್ಟಿಯ, 1,500 ವಾಟ್ ಸಾಮರ್ಥ್ಯದ, ಮಧ್ಯಮ ಬೆಲೆಯ ಯಂತ್ರ. ಕೆಲವು ತಿಂಗಳು ಬಳಸಿದ ಮೇಲೆ ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ: ಯಂತ್ರ ಒಳ್ಳೆಯದೇ, ಆದರೆ ಬಾಣಲೆಯ ಕೆಲಸವನ್ನು ಇದು ಮಾಡುತ್ತದೆಂದು ನಂಬಿ ಕೊಂಡವರಿಗೆ ನಿರಾಸೆ ತಪ್ಪದು. ತಯಾರಕರು ಎಷ್ಟೇ ಚೆನ್ನಾಗಿ ಮಾಡಿದರೂ ಗಾಳಿಗೂ ಎಣ್ಣೆಗೂ ಶಾಖ ದಾಟಿಸುವ ಶಕ್ತಿಯಲ್ಲಿ ಇರುವ ಅಂತರ ಹಾಗೆಯೇ ಉಳಿಯುತ್ತದೆ.

ಯಂತ್ರದ ರಚನೆ ಸರಳವಾಗಿದೆ. ಮೇಲ್ಭಾಗದಲ್ಲಿ ಕಾಯಿಲ್, ಅದರ ಮೇಲೆ ಫ್ಯಾನ್, ಕೆಳಗೆ ರಂಧ್ರಗಳಿರುವ ಬುಟ್ಟಿ. ಕಾಯಿಲ್‌ನಿಂದ ಬಿಸಿಯಾದ ಗಾಳಿ ತಿಂಡಿಯ ಸುತ್ತ ಸುಳಿದು, ಮತ್ತೆ ಮೇಲೇರಿ, ಮತ್ತೆ ಬಿಸಿಯಾಗುತ್ತದೆ. ಶಾಲೆಯಲ್ಲಿ ವಹನ, ಸಂವಹನ, ವಿಕಿರಣ ಎಂದು ಓದಿದ ಮೂರರಲ್ಲಿ ಇಲ್ಲಿ ಹೆಚ್ಚಿನ ಕೆಲಸ ಸಂವಹನದ್ದು. ಕಾಯಿಲ್‌ನಿಂದ ಒಂದಷ್ಟು ವಿಕಿರಣವೂ ಸೇರುತ್ತದೆ. ಮೇಲ್ಮುಖ ಮಾತ್ರ ಬೇಗ ಕೆಂಪಾಗುವುದು ಅದರಿಂದಲೇ.

ಸಂವಹನದಲ್ಲಿ ತಿಂಡಿಗೆ ಸೇರುವ ಶಾಖವನ್ನು ಮೂರು ಸಂಗತಿಗಳು ನಿರ್ಧರಿಸುತ್ತವೆ: ಗಾಳಿಗೂ ತಿಂಡಿಯ ಮೇಲ್ಮೈಗೂ ನಡುವಿನ ತಾಪಮಾನದ ವ್ಯತ್ಯಾಸ, ಗಾಳಿ ತಾಗುವ ಮೇಲ್ಮೈಯ ವಿಸ್ತೀರ್ಣ, ಮತ್ತು ಉಷ್ಣ ವರ್ಗಾವಣೆ ಗುಣಾಂಕ, ಅಂದರೆ ಹರಿಯುವ ಗಾಳಿ ಅಥವಾ ಎಣ್ಣೆ ಎಷ್ಟು ಚುರುಕಾಗಿ ಶಾಖ ದಾಟಿಸುತ್ತದೆಂದು ಹೇಳುವ ಅಂಕಿ. ಮೂರನ್ನೂ ಗುಣಿಸಿದರೆ ಎಷ್ಟು ವಾಟ್ ಎಂಬುದು ಸಿಗುತ್ತದೆ. 1701ರಲ್ಲಿ ನ್ಯೂಟನ್ ಪ್ರಕಟಿಸಿದ ತಣಿಯುವಿಕೆಯ ವಿಚಾರದಿಂದ ಬೆಳೆದು ಬಂದ ಈ ಸೂತ್ರದಲ್ಲಿ ಮೊದಲ ಎರಡನ್ನು ಅಳೆಯುವುದು ಸುಲಭ, ಕಷ್ಟವೆಲ್ಲ ಗುಣಾಂಕದ್ದೇ. ಎಣ್ಣೆಗೆ ಇಷ್ಟು, ಗಾಳಿಗೆ ಇಷ್ಟು ಎಂದು ಅದನ್ನು ಒಂದೇ ಅಂಕಿಯಲ್ಲಿ ಬರೆದಿಡಲಾಗದು, ಏಕೆಂದರೆ ಅದು ಹರಿವಿನ ವೇಗ, ಹರಿಯುವ ವಸ್ತುವಿನ ಗುಣ, ತಿಂಡಿಯ ಆಕಾರ ಎಲ್ಲವನ್ನೂ ಅವಲಂಬಿಸಿರುತ್ತದೆ. ಪ್ರತಿ ಮೇಲ್ಮೈಗೂ ಅಂಟಿಕೊಂಡು ಬಹುತೇಕ ನಿಶ್ಚಲವಾಗಿರುವ ತೆಳುವಾದ ಪದರವೊಂದು ಇರುತ್ತದೆ. 1904ರಲ್ಲಿ ಜರ್ಮನ್ ವಿಜ್ಞಾನಿ ಲುಡ್ವಿಗ್ ಪ್ರಾಂಟ್ಲ್ ವಿವರಿಸಿದ ಈ ಪದರವನ್ನು ದಾಟಿಯೇ ಶಾಖ ಒಳಗೆ ಹೋಗಬೇಕು. ಫ್ಯಾನ್ ಮಾಡುವ ಉಪಕಾರವೆಂದರೆ ಈ ಪದರವನ್ನು ತೆಳ್ಳಗಾಗಿಸುವುದು.

ಪಠ್ಯಪುಸ್ತಕಗಳ ಪ್ರಕಾರ, ತಾನಾಗಿ ಸುಳಿಯುವ ಗಾಳಿಯಲ್ಲಿ ಈ ಗುಣಾಂಕ ಚದರ ಮೀಟರಿಗೆ, ಪ್ರತಿ ಡಿಗ್ರಿ ವ್ಯತ್ಯಾಸಕ್ಕೆ, ಸುಮಾರು 2ರಿಂದ 25 ವಾಟ್. ಫ್ಯಾನ್‌ನಿಂದ ಬೀಸಿದ ಗಾಳಿಯಲ್ಲಿ 25ರಿಂದ 250. ಕಾದ ಎಣ್ಣೆಗೆ ಹಿಟ್ಟು ಬಿದ್ದ ಕೂಡಲೇ ಒಳಗಿನ ನೀರು ಆವಿಯಾಗಿ ಗುಳ್ಳೆಗಳೆದ್ದು ಎಣ್ಣೆಯನ್ನು ಕಲಕುವುದರಿಂದ ಅಲ್ಲಿ ಅದು ಹಲವು ನೂರಕ್ಕೆ ಏರುತ್ತದೆ. ಚಕ್ಕುಲಿಯ ಸುತ್ತಲಿನ ನೊರೆ ಇಳಿದ ಮೇಲೆ ತೆಗೆಯಬೇಕೆಂದು ಹಿರಿಯರು ಹೇಳುವುದು ಇದೇ ಕಾರಣಕ್ಕೆ: ಗುಳ್ಳೆ ನಿಂತಿತೆಂದರೆ ನೀರು ಮುಗಿಯಿತೆಂದು ಅರ್ಥ.

ಈಗ ಕೋಡುಬಳೆಯ ಲೆಕ್ಕ. ಬುಟ್ಟಿಯಲ್ಲಿ ಒಂದೇ ಪದರವಾಗಿ ಜೋಡಿಸಿದರೆ ಒಟ್ಟು ಮೇಲ್ಮೈ ಸುಮಾರು 0.03 ಚದರ ಮೀಟರ್ ಎಂದುಕೊಳ್ಳೋಣ. ಗಾಳಿ 180 ಡಿಗ್ರಿ ಸೆಲ್ಸಿಯಸ್, ಹಸಿ ಮೇಲ್ಮೈ ಸುಮಾರು 100 ಡಿಗ್ರಿ, ಗುಣಾಂಕ 50. ಗುಣಿಸಿದರೆ 120 ವಾಟ್. ಯಂತ್ರದ ಮೇಲೆ 1,500 ವಾಟ್ ಎಂದು ಅಚ್ಚಾಗಿದ್ದರೂ ಗಾಳಿಯ ಮೂಲಕ ತಿಂಡಿಗೆ ಮುಟ್ಟುವುದು ಇಷ್ಟೇ. ಒಂದು ಗ್ರಾಂ ನೀರು ಆವಿಯಾಗಲು ಸುಮಾರು 2.26 ಕಿಲೋಜೂಲ್ ಬೇಕು. 25 ಗ್ರಾಂ ನೀರು ಹೋಗಲು ಈ ವೇಗದಲ್ಲಿ ಎಂಟು ನಿಮಿಷ ಹಿಡಿಯುತ್ತದೆ. ಹಿಟ್ಟು ಬಿಸಿಯಾಗುವ ಸಮಯವನ್ನೂ, ಮೇಲ್ಪದರ ಒಣಗಿದ ಮೇಲೆ ಒಳಗಿನ ನೀರು ನಿಧಾನವಾಗಿ ಹೊರಬರುವುದನ್ನೂ ಸೇರಿಸಿಕೊಂಡರೆ ನಮ್ಮ ಅಡುಗೆಮನೆಯಲ್ಲಿ ಹಿಡಿದ ಇಪ್ಪತ್ತು ನಿಮಿಷ ಸರಿಹೋಗುತ್ತದೆ. ಇದೇ ಲೆಕ್ಕದಲ್ಲಿ ಗುಣಾಂಕವನ್ನು 500 ಎಂದಿಟ್ಟರೆ ಎಣ್ಣೆ 1,200 ವಾಟ್ ದಾಟಿಸಬಲ್ಲದು. ಬಂದ ಕೋಡುಬಳೆ ತಿನ್ನಲು ಚೆನ್ನಾಗಿಯೇ ಇತ್ತು, ಆದರೆ ರುಚಿ ಬೇಕರಿಯ ಖಾರದ ರಸ್ಕಿಗೆ ಹತ್ತಿರವಾಗಿತ್ತು. ಕರಿದದ್ದರ ಗರಿಗರಿ ಬೇಕೆಂದವರು ಬಾಣಲೆಯನ್ನೇ ಇಡಬೇಕು.

ಬೆಂಗಳೂರಿನವರಿಗೆ ಇನ್ನೊಂದು ಸಣ್ಣ ಸಂಗತಿ. ನಮ್ಮ ಊರು ಸಮುದ್ರಮಟ್ಟದಿಂದ ಸುಮಾರು 920 ಮೀಟರ್ ಎತ್ತರದಲ್ಲಿದ್ದು, ಇಲ್ಲಿನ ಗಾಳಿಯ ಸಾಂದ್ರತೆ ಕರಾವಳಿಗಿಂತ ಹತ್ತನೇ ಒಂದರಷ್ಟು ಕಡಿಮೆ. ಹಾಗಾಗಿ ಅದೇ ಯಂತ್ರದ ಗುಣಾಂಕ ಮಂಗಳೂರಿಗಿಂತ ಇಲ್ಲಿ ಶೇಕಡ 5ರಿಂದ 8ರಷ್ಟು ಕಡಿಮೆಯಾಗುವುದು ಸಹಜ. ಪುಸ್ತಿಕೆಯಲ್ಲಿ ಹೇಳಿದ ಸಮಯಕ್ಕಿಂತ ಒಂದೆರಡು ನಿಮಿಷ ಹೆಚ್ಚು ಇಡುವುದು ಒಳ್ಳೆಯದು.

ಬುಟ್ಟಿಯನ್ನು ತುಂಬಿಸಬಾರದೆಂಬ ಸೂಚನೆಯನ್ನು ಮಾತ್ರ ಕಡೆಗಣಿಸಬೇಡಿ. ಆಲೂಗಡ್ಡೆ ಹೋಳುಗಳನ್ನು ಅರ್ಧ ಬುಟ್ಟಿಯವರೆಗೆ ತುಂಬಿದಾಗ ಮೇಲಿನವು ಕಂದಾಗಿ, ನಡುವಿನವು ಬೆವರಿದಂತೆ ಮೆತ್ತಗೆ ಉಳಿದವು. ಗಾಳಿ ತಾಗುವ ವಿಸ್ತೀರ್ಣವೂ ಗಾಳಿಯ ವೇಗವೂ ಒಟ್ಟಿಗೆ ಕುಸಿದದ್ದರ ಫಲ ಅದು. ತೊಳೆಯುವ ಶ್ರಮ ತಪ್ಪಿಸಲು ಮಾರುವ ಕಾಗದದ ಹಾಸು ಕೆಳಗಿನ ರಂಧ್ರಗಳನ್ನು ಮುಚ್ಚುವುದರಿಂದ ಅದೂ ಬೇಡ. ಬಜ್ಜಿಯ ಆಸೆಯನ್ನು ಬಿಡಬೇಕು: ತೆಳು ಹಿಟ್ಟು ಗಟ್ಟಿಯಾಗುವ ಮೊದಲೇ ರಂಧ್ರಗಳಿಂದ ಸೋರುತ್ತದೆ. ಹಪ್ಪಳವನ್ನು ಹಾಗೆಯೇ ಇಟ್ಟರೆ ಗಾಳಿಗೆ ಮೇಲೆದ್ದು ಕಾಯಿಲ್‌ಗೆ ತಾಗಿ ಸುಡುತ್ತದೆ. ಮೇಲೊಂದು ಉಕ್ಕಿನ ಜಾಲರಿ ಇಡಲೇಬೇಕು.

ಯಂತ್ರ ನಿಜವಾಗಿ ಗೆಲ್ಲುವುದು ನೀರು ಕಡಿಮೆ ಇರುವ ಪದಾರ್ಥಗಳಲ್ಲಿ. ಪರಿಷೆಯಲ್ಲಿ ತಂದ ಕಡಲೆಕಾಯಿಯನ್ನು ಸಿಪ್ಪೆಯೊಂದಿಗೆ 160 ಡಿಗ್ರಿಯಲ್ಲಿ ಇಟ್ಟು, ನಡುವೆ ಅಲ್ಲಾಡಿಸಿದರೆ, ಒಂದೂ ಕರಿಕಾಗದೆ ಸಮವಾಗಿ ಹುರಿಯುತ್ತದೆ. ಬೆಳಿಗ್ಗೆ ದರ್ಶಿನಿಯಿಂದ ತಂದು ತಣ್ಣಗಾದ ಉದ್ದಿನ ವಡೆಯ ಹೊರಪದರ ನಾಲ್ಕೈದು ನಿಮಿಷದಲ್ಲಿ ಮತ್ತೆ ಗರಿಗರಿಯಾಗುತ್ತದೆ. ಮೈಕ್ರೋವೇವ್‌ಗೆ ಇದು ಸಾಧ್ಯವಿಲ್ಲ.

ಅಂಗಡಿಯಲ್ಲಿ ಲೀಟರ್, ವಾಟ್ ಎರಡನ್ನೇ ಹೇಳುತ್ತಾರೆ. ಫ್ಯಾನ್‌ನ ವೇಗ ಇಮ್ಮಡಿಯಾದರೆ ಗುಣಾಂಕ ಹೆಚ್ಚುಕಡಿಮೆ ಒಂದೂವರೆ ಪಟ್ಟು ಏರುತ್ತದೆ. ಆದರೂ ನಾನು ಕಂಡ ಯಾವ ಪೆಟ್ಟಿಗೆಯ ಮೇಲೂ ಆ ವೇಗ ಅಚ್ಚಾಗಿರಲಿಲ್ಲ. ಆದ್ದರಿಂದ ಆಳವಾದ ಬುಟ್ಟಿಗಿಂತ ಅಗಲವಾದದ್ದನ್ನು ಆರಿಸಿ, ಕೊಳ್ಳುವ ಮುನ್ನ ಯಂತ್ರವನ್ನು ಚಾಲೂ ಮಾಡಿಸಿ, ಹಿಂದಿನ ಕಿಂಡಿಯಿಂದ ಬರುವ ಗಾಳಿಯ ರಭಸವನ್ನು ಕೈಯಿಟ್ಟು ನೋಡಿ.