ಉಪ್ಪು-ಇದ್ದಿಲಿನ ಅರ್ಥಿಂಗೋ, ಬೆಂಟೊನೈಟ್ ಹಾಕಿದ ರಾಡೋ?

ಕಡೂರು, ಅರಸೀಕೆರೆಯ ಒಣ ನೆಲದಲ್ಲಿ ಮನೆ ಕಟ್ಟುತ್ತಿದ್ದರೆ ಅರ್ಥಿಂಗ್‌ಗೆ, ಅಂದರೆ ಸೋರಿದ ಕರೆಂಟನ್ನು ನೆಲಕ್ಕೆ ಹರಿಸಲು, ತಾಮ್ರಲೇಪಿತ ಉಕ್ಕಿನ ರಾಡ್ ಮತ್ತು ಅದರ ಸುತ್ತ ಬೆಂಟೊನೈಟ್ ಜೇಡಿ ಲೇಸು. ಕರೆಂಟ್ ನೆಲಕ್ಕೆ ಸುಲಭವಾಗಿ ಹರಿಯಲು ತೇವ ಬೇಕು; ಈ ಜೇಡಿ ಅದನ್ನು ಬೇಗ ಬಿಡುವುದಿಲ್ಲ. ರಾಡ್ 3 ಮೀಟರ್, ಲೇಪನ 250 ಮೈಕ್ರಾನ್ ಇರಲಿ. ತೆಳು ಲೇಪನದ ಅಗ್ಗದ ರಾಡ್ ಬಡಿಯುವಾಗಲೇ ಸುಲಿದು ಒಳಗಿನ ಉಕ್ಕು ತುಕ್ಕು ಹಿಡಿಯುತ್ತದೆ.

40 ಮಿ.ಮೀ. ಜಿಐ ಪೈಪನ್ನು 2.5 ಮೀಟರ್ ಆಳಕ್ಕೆ ಇಳಿಸಿ ಉಪ್ಪು-ಇದ್ದಿಲು ತುಂಬುವುದು ಅಗ್ಗ. ಆದರೆ ಮೂಡಿಗೆರೆ, ಸಕಲೇಶಪುರದ ಮಳೆಗೆ ಉಪ್ಪು ಕೊಚ್ಚಿಹೋಗುತ್ತದೆ, ಉಳಿದದ್ದು ಪೈಪನ್ನೇ ತಿನ್ನುತ್ತದೆ. ಬಯಲುಸೀಮೆಯಲ್ಲಿ ಬೇಸಿಗೆಯುದ್ದಕ್ಕೂ ನೀರು ಹುಯ್ಯಬೇಕು. ಯಾರು ಹುಯ್ಯುತ್ತಾರೆ?

ಯಾವುದನ್ನೇ ಆರಿಸಿ, ಅರ್ಥಿಂಗ್ ಒಂದೇ ಸಾಲದು. ಗೀಸರ್ ಒಳಗಿನ ತಂತಿ ಅದರ ಲೋಹದ ಮೈಗೆ ತಗುಲಿತು ಎನ್ನಿ. ಅರ್ಥಿಂಗ್‌ನ ರೋಧ 5 ಓಮ್ ಇದ್ದರೂ 230 ವೋಲ್ಟ್‌ಗೆ ನೆಲಕ್ಕೆ ಹರಿಯುವುದು 46 ಆಂಪಿಯರ್ ಮಾತ್ರ; 32 ಆಂಪಿಯರ್ ಎಂಸಿಬಿ (ಮಿತಿ ಮೀರಿ ಕರೆಂಟ್ ಹರಿದರೆ ತಾನೇ ಬೀಳುವ ಸ್ವಿಚ್) ಅಷ್ಟಕ್ಕೆ ತಕ್ಷಣ ಬೀಳುವುದಿಲ್ಲ, ಗೀಸರ್ ಮೈಯಲ್ಲಿ ಕರೆಂಟ್ ಹಾಗೇ ಉಳಿಯುತ್ತದೆ. ಹಾಗಾಗಿ 30 ಮಿಲಿಆಂಪಿಯರ್ ಆರ್‌ಸಿಸಿಬಿ (ಕರೆಂಟ್ ಸ್ವಲ್ಪ ಸೋರಿದರೂ ಬೀಳುವ ಸ್ವಿಚ್) ಬೇಕೇ ಬೇಕು. ಮನೆಯೊಳಗೆ ಬರುವ ಲೋಹದ ನೀರಿನ ಪೈಪನ್ನು 6 ಚದರ ಮಿ.ಮೀ. ತಾಮ್ರದ ತಂತಿಯಿಂದ ಮುಖ್ಯ ಅರ್ಥ್ ಬಾರ್‌ಗೆ (ಮನೆಯ ಅರ್ಥ್ ತಂತಿಗಳೆಲ್ಲ ಸೇರುವ ಲೋಹದ ಪಟ್ಟಿ) ಜೋಡಿಸಿ. ಪ್ಲಾಸ್ಟಿಕ್ ಪೈಪಾದರೆ ಬೇಡ.

ಅರ್ಥಿಂಗ್‌ನ ರೋಧವನ್ನು ಅರ್ಥ್ ಟೆಸ್ಟರ್‌ನಲ್ಲಿ, ನೆಲ ಒಣಗಿರುವ ಏಪ್ರಿಲ್‌ನಲ್ಲಿ ಅಳೆಸಿ. ಜುಲೈನ ನೆಂದ ನೆಲ ಎಲ್ಲವನ್ನೂ ಚೆನ್ನಾಗಿಯೇ ತೋರಿಸುತ್ತದೆ.