ಕಿನ್ನಾಳದ ಚಿತ್ರ, ಗಂಗಾವತಿಯ ನಿರ್ದೇಶಕರು

ಕಿನ್ನಾಳದ ಗೊಂಬೆ ಕಲೆಯ ಕುರಿತು ಸಾಕ್ಷ್ಯಚಿತ್ರ ಮಾಡಿಸಲು ಕೊಪ್ಪಳದ ನಮ್ಮ ಗೆಳೆಯರ ಬಳಗ ತೀರ್ಮಾನಿಸಿದಾಗ, ಆ ಹೊಣೆಯನ್ನು ಗಂಗಾವತಿಯ ಹಿರಿಯ ನಿರ್ದೇಶಕರೊಬ್ಬರಿಗೆ ಒಪ್ಪಿಸಿದೆವು. ಮದುವೆ, ಜಾತ್ರೆಗಳ ವಿಡಿಯೊ ತೆಗೆಯುತ್ತ ವೃತ್ತಿ ಆರಂಭಿಸಿದ ಅವರು ಮುಂದೆ ತೊಗಲುಗೊಂಬೆಯಾಟ, ಮಸ್ಕಿಯ ಅಶೋಕನ ಶಾಸನ, ಕಾಲುವೆ ಕೆಳಗಿನ ಭತ್ತದ ಬೇಸಾಯ ಹೀಗೆ ದೂರದೂರದ ವಿಷಯಗಳಿಗೆ ಕೈಹಾಕಿದವರು. ಹಳೆಯ ಚಿತ್ರಗಳನ್ನು ನೋಡಿದ ಮೇಲೆಯೇ ನಾವು ಮುಂಗಡ ಕೊಟ್ಟೆವು.

ಆ ಚಿತ್ರಗಳಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು, ವಿಷಯ ಬದಲಾದಂತೆ ಅವರು ಚಿತ್ರೀಕರಣದ ರೀತಿಯನ್ನೂ ಬದಲಿಸುವ ಬಗೆ. ತೊಗಲುಗೊಂಬೆಯಾಟಕ್ಕೆ ಹೊರಗಿನ ದೀಪಗಳನ್ನೆಲ್ಲ ಆರಿಸಿ, ಪರದೆಯ ಹಿಂದಿನ ಬೆಳಕಿಗೆ ಹೊಂದುವಂತೆ ಕ್ಯಾಮೆರಾವನ್ನು ಕೈಯಾರೆ ಸಿದ್ಧಪಡಿಸಿಕೊಂಡಿದ್ದರಿಂದ ತೊಗಲಿನ ಬಣ್ಣಗಳು ಮಸುಕಾಗದೆ ಉಳಿದಿವೆ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 33 ಕ್ರಸ್ಟ್ ಗೇಟ್‌ಗಳ ಪೈಕಿ 19ನೆಯದರ ಸರಪಳಿ ತುಂಡಾಗಿ ಗೇಟ್ ಕೊಚ್ಚಿಹೋದಾಗಲಾದರೋ, ಅವರು ಅಣೆಕಟ್ಟೆಯ ಕಡೆ ಓಡದೆ, ನಾಟಿ ಮಾಡಿ ಕಾಲುವೆಯ ನೀರನ್ನೇ ನಂಬಿದ್ದ ರೈತರ ನಡುವೆ ನಿಂತು, ಹಿನ್ನೆಲೆ ಸಂಗೀತವೂ ನಿರೂಪಣೆಯೂ ಇಲ್ಲದೆ ಅವರ ಮಾತನ್ನಷ್ಟೇ ದಾಖಲಿಸಿದರು. ವಾರದ ನಂತರ ತಾತ್ಕಾಲಿಕ ಗೇಟ್ ಅಳವಡಿಸಿದ ಸುದ್ದಿಯನ್ನೂ ಆ ಚಿತ್ರದಲ್ಲಿ ನಮಗೆ ತಿಳಿಸುವವರು ರೈತರೇ.

ಕಿನ್ನಾಳದಲ್ಲಿ ಅವರ ತಾಳ್ಮೆಯನ್ನು ಕಣ್ಣಾರೆ ಕಂಡೆ. ಗೋಣಿತಾಟಿನ ಚಿಂದಿಯನ್ನು ನೆನೆಸಿ, ಒಣಗಿಸಿ, ಪುಡಿ ಮಾಡಿ, ಮರದ ಹೊಟ್ಟು ಹಾಗೂ ಹುಣಸೆ ಬೀಜದ ಅಂಟಿನೊಂದಿಗೆ ಕಲಸಿದ ಕಿಟ್ಟವನ್ನು ಗೊಂಬೆಯ ತೋಳಿನ ಸಂದಿಗೆ ಮೆತ್ತುವಾಗ, ಕುಶಲಕರ್ಮಿಯ ಹೆಬ್ಬೆರಳು ಎಷ್ಟು ಒತ್ತುತ್ತದೆ, ಎಲ್ಲಿ ಸಡಿಲಾಗುತ್ತದೆ ಎಂಬುದು ಕೂಡ ತೆರೆಯ ಮೇಲೆ ಕಾಣುತ್ತದೆ. ಕ್ಯಾಮೆರಾಕ್ಕಾಗಿ ಇನ್ನೊಮ್ಮೆ ಮಾಡಿ ತೋರಿಸಿ ಎಂದು ನಿರ್ದೇಶಕರು ಒಮ್ಮೆಯೂ ಕೇಳಲಿಲ್ಲ. ಕಿಟ್ಟ ಒಣಗುವವರೆಗೆ ಕಾದರು; ಆ ಬಿಡುವಿನಲ್ಲಿ ಮನೆಯ ಹೆಣ್ಣುಮಕ್ಕಳು ಆಡಿದ ಮಾತೇ ಚಿತ್ರದ ಅತ್ಯುತ್ತಮ ಭಾಗವಾಗಿದೆ. ಬಂಗಾರದ ಹೊಳಪು ತರುವ ಲಾಜವರದ ಕೆಲಸ ಮಾತ್ರ ಅವಸರದಲ್ಲಿ ಮುಗಿದುಹೋಗಿದೆ, ಅಲ್ಲಿ ಇನ್ನೂ ಎರಡು ನಿಮಿಷ ನಿಲ್ಲಬೇಕಿತ್ತು.

ಎರಡು ಆಕ್ಷೇಪಗಳಿವೆ. ಗವಿಮಠದ ಜಾತ್ರೆಯ ಹೊತ್ತಿಗೆ ಕೊಡುವುದಾಗಿ ಒಪ್ಪಿದ್ದ ಚಿತ್ರ ಯುಗಾದಿ ಕಳೆದ ಮೇಲೆ ನಮ್ಮ ಕೈಸೇರಿತು. ಮೊದಲ ಪ್ರತಿಯಲ್ಲಿ ಗ್ರಾಂಥಿಕ ಭಾಷೆಯ ನಿರೂಪಣೆ ಕುಶಲಕರ್ಮಿಗಳ ದನಿಯನ್ನು ಮುಚ್ಚಿಹಾಕಿತ್ತು. ನಾವು ಹೇಳಿದ ಮೇಲೆ ಅದರಲ್ಲಿ ಬಹುಪಾಲನ್ನು ಬೇಸರವಿಲ್ಲದೆ ತೆಗೆದುಹಾಕಿದರು. ಶುಲ್ಕ ಮದುವೆ ವಿಡಿಯೊಗಳಿಗಿಂತ ಹೆಚ್ಚೇ ಆದರೂ, ಸಂಕಲನದಲ್ಲಿ ಬಳಸದ ದೃಶ್ಯಗಳೆಲ್ಲವನ್ನೂ ಹಾರ್ಡ್ ಡಿಸ್ಕ್‌ನಲ್ಲಿ ತುಂಬಿಸಿ, ಒಂದು ಪ್ರತಿಯನ್ನು ನಮಗೂ ಮತ್ತೊಂದನ್ನು ಆ ಕಲಾವಿದರ ಮನೆಗೂ ಕೊಟ್ಟಿದ್ದಾರೆ. ತಮ್ಮ ಊರಿನ ಕಸುಬನ್ನು ದಾಖಲಿಸಲು ಬಯಸುವವರು ಇವರನ್ನು ಧೈರ್ಯವಾಗಿ ಕರೆಯಬಹುದು, ಆದರೆ ಚಿತ್ರ ಕೈಸೇರುವ ದಿನಾಂಕವನ್ನು ಬರವಣಿಗೆಯಲ್ಲಿ ಪಡೆದುಕೊಳ್ಳಬೇಕು.