ಆಟಕ್ಕೆ ಕರೆದದ್ದು ಅವರಲ್ಲ: ಗೇಮ್ ರಿಕ್ವೆಸ್ಟ್ ಬಗ್ಗೆ ಹುಬ್ಬಳ್ಳಿಯಿಂದ ಒಂದು ಎಚ್ಚರಿಕೆ

"ಇಂಥವರು ನಿಮ್ಮನ್ನು ಆಟಕ್ಕೆ ಕರೆದಿದ್ದಾರೆ" ಅಂತ ಫೋನಿನಲ್ಲಿ ಬರುವ ನೋಟಿಫಿಕೇಶನ್‌ಗಳನ್ನು ಬೆರಳಿನಿಂದ ಪಕ್ಕಕ್ಕೆ ತಳ್ಳಿ ಸುಮ್ಮನಾಗುವವರೇ ಜಾಸ್ತಿ. ದಯವಿಟ್ಟು ಹಾಗೆ ಬಿಡಬೇಡಿ. ಒಮ್ಮೆ ಕುಳಿತು ಬಂದ್ ಮಾಡಿ. ನಮ್ಮಲ್ಲಿ ಇದರಿಂದ ಒಂದು ದೊಡ್ಡ ಆರ್ಡರ್ ಹೋಯಿತು. ಅದರ ಹಿಂದೆಯೇ ನಮ್ಮ ಜೊತೆ ದುಡಿಯುವ ಅಕ್ಕನ ದುಡ್ಡೂ ಹೋಯಿತು. ಆಟ ಬೇರೆ ಬೇರೆ, ಆದರೆ ಎರಡೂ ಹರಡಿದ ದಾರಿ ಒಂದೇ: ಪರಿಚಯದವರ ಹೆಸರು.

ನಾವು ಹುಬ್ಬಳ್ಳಿಯಲ್ಲಿ ಮನೆಯಲ್ಲೇ ಕಡಕ್ ರೊಟ್ಟಿ, ಶೇಂಗಾ ಚಟ್ನಿ, ಗುರೆಳ್ಳು ಚಟ್ನಿ ಮಾಡಿ ಮಾರುತ್ತೇವೆ. ಅಂಗಡಿ ಅಂತ ಇಲ್ಲ, ಬೋರ್ಡೂ ಇಲ್ಲ. ಆರ್ಡರ್ ಎಲ್ಲಾ ಫೇಸ್‌ಬುಕ್ ಮೆಸೆಂಜರ್ ಮತ್ತು ವಾಟ್ಸಾಪ್‌ನಲ್ಲೇ ಬರುತ್ತದೆ. ಎಳ್ಳಮಾವಾಸ್ಯೆ ಹತ್ತಿರ ಬಂತು ಅಂದರೆ ನಮಗೆ ಕೈ ಬಿಡುವಿಲ್ಲ. ಹೊಲಕ್ಕೆ ಚರಗ ಚೆಲ್ಲಲು ಹೋಗುವವರಿಗೆ ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ ಬೇಕೇ ಬೇಕು. ಈಗ ಮನೆಯಲ್ಲಿ ಬಡಿಯುವವರು ಕಡಿಮೆ, ಹಾಗಾಗಿ ನಮ್ಮಂಥವರಿಗೆ ಹೇಳುತ್ತಾರೆ.

ಆ ದಿನಗಳಲ್ಲೇ ನನ್ನ ಫೋನಿಗೆ ಒಂದು ಆಟದ ರಿಕ್ವೆಸ್ಟ್‌ಗಳ ಸುರಿಮಳೆ ಶುರುವಾಯಿತು. ಕರೆಯುವವರು ಯಾರು? ನಮ್ಮ ಗಿರಾಕಿಗಳು, ಬೀಗರು, ಗದಗಿನ ಮಾವಶಿ, ಧಾರವಾಡದ ಒಬ್ಬ ನಿವೃತ್ತ ಮಾಸ್ತರರು. ಹಿಟ್ಟು ಮೆತ್ತಿದ ಕೈ ತೊಳೆದು ಬಂದು ನೋಡಿದರೆ "ನಿಮ್ಮ ಸರದಿ ಬಂದಿದೆ", "ಒಂದು ಜೀವ ಕಳಿಸಿ", "ಉಡುಗೊರೆ ಕಾಯುತ್ತಿದೆ". ಈ ರಾಶಿಯ ಕೆಳಗೆ ಅಣ್ಣಿಗೇರಿಯ ಒಂದು ಮನೆಯವರ ಮೆಸೇಜ್ ಸಿಕ್ಕಿಹಾಕಿಕೊಂಡಿತ್ತು. ಅವರಿಗೆ ಮುನ್ನೂರು ರೊಟ್ಟಿ ಬೇಕಿತ್ತು. ನನ್ನ ಕಣ್ಣಿಗೆ ಬೀಳುವಷ್ಟರಲ್ಲಿ ಅವರು ಬೇರೆ ಕಡೆ ಹೇಳಿಯಾಗಿತ್ತು. ಉತ್ತರ ಬರದಿದ್ದರೆ ಅವರಾದರೂ ಎಷ್ಟು ಕಾಯುತ್ತಾರೆ?

ಮಾಸ್ತರರಿಗೆ ಫೋನ್ ಮಾಡಿದೆ. "ಸರ, ನೀವು ನನಗ ದಿನಾ ಆಟಕ್ಕ ಕರಿಯಾಕತ್ತೀರಲ್ರೀ?" ಅಂದೆ. ಅವರಿಗೆ ಗಾಬರಿ. "ಯಾವ ಆಟನವಾ? ನನಗ ಚೌಕಾಬಾರಾನೂ ನೆಟ್ಟಗ ಬರೂದಿಲ್ಲ!" ಅಂದರು. ಆಮೇಲೆ ವಿಚಾರಿಸಿದರೆ, ಸೂಟಿಗೆ ಬಂದ ಮೊಮ್ಮಗ ಅಜ್ಜನ ಫೋನಿನಲ್ಲಿ ಒಂದು ಗೇಮ್ ಹಾಕಿಕೊಂಡಿದ್ದ. ಅದು ಲಾಗಿನ್ ಕೇಳಿತು, ಅಜ್ಜನ ಫೇಸ್‌ಬುಕ್ ಅಕೌಂಟ್ ಎದುರಿಗೇ ಇತ್ತು, ಹುಡುಗ ಒತ್ತಿದ. ಆಟದಲ್ಲಿ ಜೀವ ಮುಗಿದಾಗ "ಸ್ನೇಹಿತರನ್ನು ಕರೆದರೆ ಜೀವ ಸಿಗುತ್ತದೆ" ಅಂತ ಬಂತು. ಆ ಪರದೆಯನ್ನು ನಾನು ನೋಡಿದೆ. ಹೆಸರುಗಳ ಉದ್ದ ಪಟ್ಟಿ, ಪ್ರತಿ ಹೆಸರಿನ ಮುಂದೆ ಮೊದಲೇ ಟಿಕ್ ಬಿದ್ದಿದೆ. ಕೆಳಗೆ ಅಗಲವಾದ ಹಸಿರು ಗುಂಡಿ. ಬೇಡ ಅನ್ನುವ ಗುರುತು ಮೇಲಿನ ಮೂಲೆಯಲ್ಲಿ, ಬೂದು ಬಣ್ಣದಲ್ಲಿ, ಜೀರಿಗೆ ಕಾಳಿನಷ್ಟು. ಎಂಟು ವರ್ಷದ ಹುಡುಗ ಯಾವುದನ್ನು ಒತ್ತುತ್ತಾನೆ ಹೇಳಿ.

ಅದಕ್ಕೇ ಮೊದಲ ಮಾತು: ಹೆಸರು ನೋಡಿ ಜಗಳಕ್ಕೆ ಹೋಗಬೇಡಿ. ಕಳಿಸಿದ್ದು ಆ ಮನುಷ್ಯ ಅಲ್ಲ, ಆ್ಯಪ್. ನಮ್ಮ ಬಳಗದಲ್ಲೇ ಇದರಿಂದ ಇಬ್ಬರು ವೈನಿಯರ ನಡುವೆ ಮಾತು ಬಿಟ್ಟಿತ್ತು. "ದೊಡ್ಡವರು ಅನ್ನೋದು ನೋಡ್ದ ಆಟಕ್ಕ ಕರೀತಾಳ" ಅಂತ ಒಬ್ಬರ ದೂರು. ಇನ್ನೊಬ್ಬರಿಗೆ ತಾನು ಕರೆದದ್ದೇ ಗೊತ್ತಿಲ್ಲ.

ಈ ಕಾಟ ಹೊಸದೇನಲ್ಲ. 2009ರಲ್ಲಿ ಬಂದ ಫಾರ್ಮ್‌ವಿಲ್ ಆಟದ ಕಾಲದಿಂದಲೂ ಇದೆ. 2015ರ ಅಕ್ಟೋಬರ್‌ನಲ್ಲಿ ಫೇಸ್‌ಬುಕ್ ಕಟ್ಟಿದ ಮಾರ್ಕ್ ಜುಕರ್‌ಬರ್ಗ್ ದೆಹಲಿಯ ಐಐಟಿಗೆ ಬಂದಾಗ, ಕ್ಯಾಂಡಿ ಕ್ರಷ್ ಆಟದ ಆಹ್ವಾನ ನಿಲ್ಲಿಸೋದು ಹೇಗೆ ಅಂತ ಅವರನ್ನೇ ನೇರವಾಗಿ ಕೇಳಲಾಗಿತ್ತು. ಜನ ಅತಿ ಹೆಚ್ಚು ವೋಟ್ ಹಾಕಿದ ಪ್ರಶ್ನೆಯೂ ಅದೇ ಆಗಿತ್ತಂತೆ. ಇಡೀ ದೇಶದ ಪ್ರಶ್ನೆಗಳ ಮಧ್ಯೆ ಇದು ಮೇಲೆ ಬಂತು ಅಂದರೆ ಎಷ್ಟು ಜನ ಬೇಸತ್ತಿರಬೇಕು ನೋಡಿ.

ಬೇಸರ ಒಂದೇ ಆಗಿದ್ದರೆ ಇಷ್ಟು ಬರೆಯುತ್ತಿರಲಿಲ್ಲ. ಒಬ್ಬರು ಒತ್ತಿದ ಗುಂಡಿಯಿಂದ ಅವರ ಸ್ನೇಹಿತರ ಮಾಹಿತಿಯೂ ಹೋಗಬಹುದು ಅನ್ನೋದು 2018ರಲ್ಲಿ ಕೇಂಬ್ರಿಡ್ಜ್ ಅನಲಿಟಿಕಾ ಅನ್ನುವ ಕಂಪನಿಯ ಪ್ರಕರಣದಲ್ಲಿ ಜಗತ್ತಿಗೇ ಗೊತ್ತಾಯಿತು. ಅಲ್ಲಿ ಫೇಸ್‌ಬುಕ್ ಮೂಲಕ ಒಂದು ಕ್ವಿಜ್ ಆ್ಯಪ್ ಹಾಕಿಕೊಂಡವರು ಸುಮಾರು 2.7 ಲಕ್ಷ ಜನ. ಮಾಹಿತಿ ಹೋಗಿರಬಹುದಾದವರು 8.7 ಕೋಟಿ ಜನ ಅಂತ ಫೇಸ್‌ಬುಕ್ಕೇ ಆಮೇಲೆ ಹೇಳಿತು. ಈಗ ಅಲ್ಲಿ ನಿಯಮ ಬಿಗಿಯಾಗಿದೆ. ಆದರೆ ಫೋನಿನ ಕಾಂಟ್ಯಾಕ್ಟ್ಸ್ ಪಟ್ಟಿಗೆ ನಾವೇ "ಅಲೋ" ಅಂದರೆ ಯಾವ ನಿಯಮವೂ ಅಡ್ಡ ಬರೋದಿಲ್ಲ.

ಈಗ ಬಂದ್ ಮಾಡುವ ಕೆಲಸ. ಫೇಸ್‌ಬುಕ್‌ನಲ್ಲಿ ಸೆಟ್ಟಿಂಗ್ಸ್ ತೆರೆದು ಮೇಲಿನ ಹುಡುಕುವ ಜಾಗದಲ್ಲಿ "ಆ್ಯಪ್ಸ್ ಆ್ಯಂಡ್ ವೆಬ್‌ಸೈಟ್ಸ್" ಅನ್ನೋದನ್ನು ಹುಡುಕಿ. ಅಪ್‌ಡೇಟ್ ಆದಾಗಲೆಲ್ಲ ಮೆನು ಜಾಗ ಬದಲಿಸುತ್ತದೆ, ಹಾಗಾಗಿ ಹುಡುಕೋದೇ ಸುಲಭ. ನಿಮ್ಮ ಅಕೌಂಟ್‌ನಿಂದ ಯಾವ ಯಾವ ಗೇಮ್‌ಗೆ ಲಾಗಿನ್ ಆಗಿದೆ ಅಂತ ಅಲ್ಲಿ ಕಾಣುತ್ತದೆ. ಬೇಡದ್ದನ್ನು ರಿಮೂವ್ ಮಾಡಿ. ರಿಮೂವ್ ಮಾಡಿದ ಮೇಲೂ ಆ ಗೇಮ್ ಮೊದಲೇ ತೆಗೆದುಕೊಂಡ ಮಾಹಿತಿ ಅವರ ಹತ್ತಿರವೇ ಉಳಿದಿರಬಹುದು, ಹೊಸದು ಹೋಗೋದು ಮಾತ್ರ ನಿಲ್ಲುತ್ತದೆ. ಅದೇ ಕಡೆ ಗೇಮ್ ಮತ್ತು ಆ್ಯಪ್ ನೋಟಿಫಿಕೇಶನ್ ಅಂತ ಬೇರೆ ಆಯ್ಕೆ ಇರುತ್ತದೆ, ಅದನ್ನು ಆಫ್ ಮಾಡಿ.

ಒಬ್ಬರಿಂದಲೇ ಜಾಸ್ತಿ ಬರುತ್ತಿದ್ದರೆ ಕಂಪ್ಯೂಟರಿನಲ್ಲಿ ಫೇಸ್‌ಬುಕ್ ತೆರೆದು "ಬ್ಲಾಕಿಂಗ್" ಅನ್ನುವ ಕಡೆ ಹೋಗಿ. ಅಲ್ಲಿ ಮನುಷ್ಯರನ್ನು ಬ್ಲಾಕ್ ಮಾಡೋದು ಬೇರೆ, ಅವರಿಂದ ಬರುವ ಆ್ಯಪ್ ಆಹ್ವಾನ ಬ್ಲಾಕ್ ಮಾಡೋದು ಬೇರೆ. ಎರಡನೆಯದು ಮಾಡಿ. ಸ್ನೇಹ ಹಾಗೇ ಇರುತ್ತದೆ, ಅವರ ಫೋಟೋ ಕಾಣುತ್ತದೆ, ಮೆಸೇಜ್ ಬರುತ್ತದೆ, ಆಟದ ಕರೆ ಮಾತ್ರ ಬರೋದಿಲ್ಲ. ಗಿರಾಕಿಗಳನ್ನು ಕಳೆದುಕೊಳ್ಳದೆ ಕಾಟ ಕಳೆದುಕೊಳ್ಳಲು ನನಗೆ ಇದೇ ಕೆಲಸಕ್ಕೆ ಬಂದದ್ದು. ಬರೀ ಒಂದು ಗೇಮ್‌ನದೇ ಕಾಟ ಆಗಿದ್ದರೆ ಅಲ್ಲೇ ಆ ಗೇಮನ್ನೇ ಬ್ಲಾಕ್ ಮಾಡಬಹುದು.

ಫೇಸ್‌ಬುಕ್ ಬಿಟ್ಟು ನೇರ ಗೇಮ್‌ನಿಂದಲೇ ಸದ್ದು ಬಂದರೆ, ಆ ನೋಟಿಫಿಕೇಶನ್ ಮೇಲೆ ಬೆರಳು ಒತ್ತಿ ಹಿಡಿದರೆ ಆಫ್ ಮಾಡುವ ಆಯ್ಕೆ ಬರುತ್ತದೆ. ಕೆಲವು ಸಲ ಗೇಮೇ ಇರೋದಿಲ್ಲ, ಆದರೂ ಬರುತ್ತದೆ. ಆಗ ಅದರ ಮೇಲೆ ಸಣ್ಣ ಅಕ್ಷರದಲ್ಲಿ ಕ್ರೋಮ್ ಅಂತ ಇದೆಯಾ ನೋಡಿ. ಯಾವುದೋ ವೆಬ್‌ಸೈಟಿಗೆ ಯಾವಾಗಲೋ ಅನುಮತಿ ಸಿಕ್ಕಿರುತ್ತದೆ. ಕ್ರೋಮ್ ಸೆಟ್ಟಿಂಗ್ಸ್, ಸೈಟ್ ಸೆಟ್ಟಿಂಗ್ಸ್, ನೋಟಿಫಿಕೇಶನ್ಸ್, ಅಲ್ಲಿ ಪರಿಚಯ ಇಲ್ಲದ ಸೈಟ್‌ಗಳನ್ನು ತೆಗೆದುಹಾಕಿ.

ಇಷ್ಟಾದ ಮೇಲೆ ನನ್ನ ಫೋನು ತಣ್ಣಗಾಯಿತು. ಆದರೆ ಅಕ್ಕನದು ಬೇರೆ ಕಥೆ.

ಆ ದಿನ ಅಕ್ಕ ನನ್ನ ಎದುರಿಗೇ ಕುಳಿತು ರೊಟ್ಟಿ ಬಡಿಯುತ್ತಿದ್ದರು. ಎರಡೂ ಕೈ ಮೊಣಕೈವರೆಗೆ ಹಿಟ್ಟು. ಅವರ ಫೋನು ಕಿಟಕಿಯಲ್ಲಿ ಚಾರ್ಜಿಗೆ ಇತ್ತು. ಆಗ ನನ್ನ ಫೋನಿಗೆ ಎಸ್ಸೆಮ್ಮೆಸ್ ಬಂತು, ಅಕ್ಕನ ನಂಬರಿನಿಂದ: "ನಾನು ಇದರಲ್ಲಿ 4,200 ಗೆದ್ದೆ, ನೀವೂ ಆಡಿ", ಜೊತೆಗೆ ಒಂದು ಲಿಂಕ್. ಫೋನು ತೋರಿಸಿ, "ಅಕ್ಕಾ, ಇದನ್ನ ನೀವು ಕಳಿಸಿದ್ರೇನು?" ಅಂದೆ. "ನಾ ಇಲ್ಲೇ ರೊಟ್ಟಿ ಬಡಿಯಾಕತ್ತೀನಿ, ಹೆಂಗ ಕಳಸ್ಲಿ ತಂಗಿ?" ಅಂದರು. ಸ್ವಲ್ಪ ಹೊತ್ತಿನಲ್ಲಿ ಅವರ ತವರಿನವರೂ ಫೋನ್ ಮಾಡಿ ಕೇಳತೊಡಗಿದರು. ಎಲ್ಲರಿಗೂ ಅದೇ ಎಸ್ಸೆಮ್ಮೆಸ್ ಹೋಗಿತ್ತು.

ಆಮೇಲೆ ನಿಧಾನಕ್ಕೆ ಎಲ್ಲ ಹೊರಗೆ ಬಂತು. ಅವರನ್ನು ಯಾರೋ ಒಂದು ವಾಟ್ಸಾಪ್ ಗ್ರೂಪಿಗೆ ಸೇರಿಸಿದ್ದರು. ಗ್ರೂಪಿನ ತುಂಬ ದುಡ್ಡು ಜಮಾ ಆದ ಸ್ಕ್ರೀನ್‌ಶಾಟ್‌ಗಳು. ಆಟ ಇಳಿಸಿಕೊಳ್ಳಲು ಪ್ಲೇ ಸ್ಟೋರ್ ಅಲ್ಲ, ಗ್ರೂಪಿನಲ್ಲೇ ಕಳಿಸಿದ ಒಂದು ಎಪಿಕೆ ಫೈಲ್, ಅಂದರೆ ಪ್ಲೇ ಸ್ಟೋರ್ ಇಲ್ಲದೆಯೂ ನೇರವಾಗಿ ಆ್ಯಪ್ ಹಾಕುವ ಫೈಲ್. ಅದು ಕಾಂಟ್ಯಾಕ್ಟ್ಸ್ ಕೇಳಿತು, ಎಸ್ಸೆಮ್ಮೆಸ್ ಅನುಮತಿ ಕೇಳಿತು. ಇಸ್ಪೀಟಿನ ಆಟಕ್ಕೆ ಎಸ್ಸೆಮ್ಮೆಸ್ ಯಾಕೆ ಬೇಕು? ಆದರೆ ಅನುಮತಿ ಕೊಡದೆ ಆಟ ತೆರೆಯುತ್ತಿರಲಿಲ್ಲ. ಮೊದಲು 500 ಕಟ್ಟಿಸಿಕೊಂಡಿತು. ಎರಡು ಸಲ ಆಡುವಷ್ಟರಲ್ಲಿ "ನಿಮ್ಮ ಖಾತೆಯಲ್ಲಿ 4,200 ಇದೆ" ಅಂತ ತೋರಿಸಿತು. ತೆಗೆಯಲು ಹೋದರೆ ಪರಿಶೀಲನೆಗೆ 999 ಕಟ್ಟಿ ಅಂತು. ಕಟ್ಟಿದರು. ಆಮೇಲೆ ಟ್ಯಾಕ್ಸ್ ಅಂತ 2,500. ಅದು ಸಂಘದ ಕಂತಿಗೆ ಎತ್ತಿಟ್ಟ ದುಡ್ಡು. ಒಟ್ಟು 3,999 ಹೋಯಿತು, ಬಂದದ್ದು ಸೊನ್ನೆ. ಗೆದ್ದ ದುಡ್ಡು ಕೊಡಲು ಮೊದಲು ನಿಮ್ಮಿಂದಲೇ ದುಡ್ಡು ಕೇಳಿದರೆ, ಅಲ್ಲಿ ಗೆದ್ದ ದುಡ್ಡೇ ಇಲ್ಲ ಅಂತ ತಿಳಿಯಿರಿ. ತೋರಿಸುತ್ತಿರೋದು ಪರದೆ ಮೇಲಿನ ಅಂಕಿ ಅಷ್ಟೇ.

ಆ ಆಟದ ಹೆಸರು ಬರೆಯುವುದಿಲ್ಲ. ಬರೆದರೂ ಉಪಯೋಗ ಇಲ್ಲ, ಇವು ಹೆಸರು ಬದಲಿಸಿಕೊಂಡು ಮತ್ತೆ ಬರುತ್ತವೆ.

ನಾವು ಮಾಡಿದ್ದು ಇಷ್ಟು. ಮೊದಲು ಅಕ್ಕನ ಫೋನು ಏರೋಪ್ಲೇನ್ ಮೋಡಿಗೆ ಹಾಕಿದೆವು, ಇನ್ನಷ್ಟು ಎಸ್ಸೆಮ್ಮೆಸ್ ಹೋಗೋದು ನಿಲ್ಲಲಿ ಅಂತ. ನನ್ನ ಫೋನಿನಿಂದ 1930ಕ್ಕೆ ಕರೆ ಮಾಡಿದೆವು. ಸೈಬರ್ ವಂಚನೆಗೆ ಇಡೀ ದೇಶಕ್ಕೆ ಅದೇ ಸಹಾಯವಾಣಿ. ಎಷ್ಟು ಬೇಗ ಮಾಡಿದರೆ ದುಡ್ಡು ಮುಂದೆ ಹೋಗದಂತೆ ತಡೆಯುವ ಸಾಧ್ಯತೆ ಅಷ್ಟು ಜಾಸ್ತಿ. ಯುಪಿಐ ವ್ಯವಹಾರದ 12 ಅಂಕಿಯ ರೆಫರೆನ್ಸ್ ನಂಬರ್, ತಾರೀಖು, ಮೊತ್ತ ಕೇಳುತ್ತಾರೆ, ಬರೆದಿಟ್ಟುಕೊಂಡೇ ಫೋನ್ ಮಾಡಿ. ಆನ್‌ಲೈನ್‌ನಲ್ಲಿ ದೂರು ಕೊಡುವುದಾದರೆ ಸೈಬರ್‌ಕ್ರೈಮ್ ಡಾಟ್ ಗವ್ ಡಾಟ್ ಇನ್. ಖುದ್ದಾಗಿ ಹೋಗುವವರಿಗೆ ಜಿಲ್ಲೆಯ ಸಿಇಎನ್ (ಸೈಬರ್, ಆರ್ಥಿಕ, ಮಾದಕ ವಸ್ತು ಅಪರಾಧ) ಪೊಲೀಸ್ ಠಾಣೆ ಇದೆ. ಆಮೇಲೆ ಬ್ಯಾಂಕಿಗೆ ತಿಳಿಸಿ, ಆ ಆ್ಯಪ್ ತೆಗೆದು, ಪ್ಲೇ ಸ್ಟೋರ್‌ನಲ್ಲೇ ಇರುವ ಪ್ಲೇ ಪ್ರೊಟೆಕ್ಟ್ ಅನ್ನುವ ಪರೀಕ್ಷೆಯಿಂದ ಫೋನು ಸ್ಕ್ಯಾನ್ ಮಾಡಿ, ಯುಪಿಐ ಪಿನ್ ಬದಲಿಸಿದೆವು. ಗ್ರೂಪಿನ ಸ್ಕ್ರೀನ್‌ಶಾಟ್ ತೆಗೆದಿಟ್ಟುಕೊಂಡ ಮೇಲೆಯೇ ರಿಪೋರ್ಟ್ ಮಾಡಿ ಹೊರಬಂದೆವು. ಸಿಟ್ಟಿನಲ್ಲಿ ಮೊದಲೇ ಡಿಲೀಟ್ ಮಾಡಿಬಿಟ್ಟರೆ ದೂರಿಗೆ ತೋರಿಸಲು ಏನೂ ಉಳಿಯೋದಿಲ್ಲ. ದೂರಿನ ನಂಬರ್ ಬಂದಿದೆ, ದುಡ್ಡು ಇನ್ನೂ ಬಂದಿಲ್ಲ.

ಪೊಲೀಸರ ಹತ್ತಿರ ಹೋಗಲು ಅಕ್ಕನಿಗೆ ಬಹಳ ಅಂಜಿಕೆ ಇತ್ತು. "ಇಸ್ಪೀಟ್ ಆಡಿದ್ಲು ಅಂತ ನನ್ನನ್ನ ಹಿಡದ್ರ?" ಅಂತ. ಈ ಅಂಜಿಕೆಯಿಂದಲೇ ಎಷ್ಟೋ ಜನ ಬಾಯಿ ಮುಚ್ಚಿಕೊಂಡಿರುತ್ತಾರೆ. 2025ರ ಆಗಸ್ಟ್‌ನಲ್ಲಿ ಸಂಸತ್ತು ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸುವ ಕಾಯ್ದೆಯನ್ನು ಒಪ್ಪಿತು. ಆಗಸ್ಟ್ 22ಕ್ಕೆ ರಾಷ್ಟ್ರಪತಿಯ ಅಂಕಿತವೂ ಬಿತ್ತು. ಅದರಲ್ಲಿ ಶಿಕ್ಷೆ ಇರೋದು ಇಂಥ ಆಟ ನಡೆಸುವವರಿಗೆ: ಮೂರು ವರ್ಷದವರೆಗೆ ಜೈಲು, ಒಂದು ಕೋಟಿವರೆಗೆ ದಂಡ. ಜಾಹೀರಾತು ಮಾಡುವವರಿಗೆ ಎರಡು ವರ್ಷದವರೆಗೆ ಜೈಲು, 50 ಲಕ್ಷದವರೆಗೆ ದಂಡ. ಮೋಸ ಹೋಗಿ ಆಡಿದವರಿಗೆ ಅದರಲ್ಲಿ ಶಿಕ್ಷೆ ಇಟ್ಟಿಲ್ಲ. ಇದನ್ನು ಹೇಳಿದ ಮೇಲೆಯೇ ಅಕ್ಕ 1930ಕ್ಕೆ ಮಾತಾಡಿದ್ದು. ಬೋನಸ್ ಆಸೆಗೆ ಇಂಥ ಲಿಂಕನ್ನು ಊರಿಗೆಲ್ಲ ಫಾರ್ವರ್ಡ್ ಮಾಡುವ ಹುಡುಗರು ಈ ಜಾಹೀರಾತಿನ ಮಾತನ್ನು ಒಮ್ಮೆ ಯೋಚನೆ ಮಾಡಬೇಕು.

ವಾಟ್ಸಾಪ್‌ನಲ್ಲಿ ಹೀಗೆ ಯಾರೋ ಗ್ರೂಪಿಗೆ ಸೇರಿಸೋದಕ್ಕೆ ತಡೆ ಬಹಳ ಸುಲಭ. ಸೆಟ್ಟಿಂಗ್ಸ್, ಪ್ರೈವೆಸಿ, ಗ್ರೂಪ್ಸ್. ಅಲ್ಲಿ "ಎವ್ರಿವನ್" ಅಂತ ಇದ್ದರೆ ನಿಮ್ಮ ನಂಬರ್ ಸಿಕ್ಕ ಯಾರು ಬೇಕಾದರೂ ನಿಮ್ಮನ್ನು ಗ್ರೂಪಿಗೆ ಎಳೆಯಬಹುದು. "ಮೈ ಕಾಂಟ್ಯಾಕ್ಟ್ಸ್" ಮಾಡಿ. ಆಮೇಲೆ ಗುರುತಿಲ್ಲದವರು ನಿಮಗೆ ಬೇರೆಯಾಗಿ ಆಹ್ವಾನ ಕಳಿಸಬೇಕಾಗುತ್ತದೆ, ನೀವು ಮುಟ್ಟದಿದ್ದರೆ ಮೂರು ದಿನಕ್ಕೆ ಅದು ತಾನೇ ರದ್ದಾಗುತ್ತದೆ. ಟೆಲಿಗ್ರಾಂನಲ್ಲೂ ಪ್ರೈವೆಸಿ ಸೆಟ್ಟಿಂಗ್ಸ್‌ನಲ್ಲಿ ಇಂಥದ್ದೇ ಆಯ್ಕೆ ಇದೆ. ನಮ್ಮ ಮನೆಯ ಎಲ್ಲರ ಫೋನಿನಲ್ಲಿ, ಅಪ್ಪಾರ ಫೋನಿನಲ್ಲೂ, ಮಾಡಿಟ್ಟಿದ್ದೇವೆ. ಇದನ್ನು ದೊಡ್ಡವರಿಗೆ ಬಾಯಿಮಾತಲ್ಲಿ ಹೇಳಿ ಬಿಡೋದು ಸಾಲದು, ಪಕ್ಕ ಕುಳಿತು ಅವರ ಫೋನಿನಲ್ಲೇ ಮಾಡಿಕೊಡಬೇಕು.

ಜೊತೆಗೆ ಫೋನಿನ ಸೆಟ್ಟಿಂಗ್ಸ್‌ನಲ್ಲಿ ಪರ್ಮಿಶನ್ ಮ್ಯಾನೇಜರ್ ತೆರೆದು, ಕಾಂಟ್ಯಾಕ್ಟ್ಸ್ ಯಾವ ಯಾವ ಆ್ಯಪ್‌ಗೆ ಸಿಕ್ಕಿದೆ ನೋಡಿ. ಟಾರ್ಚ್, ಫೋಟೋ ಚಂದ ಮಾಡುವ ಆ್ಯಪ್, ಮಕ್ಕಳ ಬಣ್ಣ ತುಂಬುವ ಆಟ, ಇವಕ್ಕೆಲ್ಲ ನಿಮ್ಮ ಬೀಗರ ನಂಬರ್ ಯಾಕೆ? ತೆಗೆದುಹಾಕಿ. ಎಸ್ಸೆಮ್ಮೆಸ್ ಅನುಮತಿಯನ್ನೂ ಹಾಗೇ ನೋಡಿ.

ನಮ್ಮ ಗಿರಾಕಿಗಳಿಗೆ ಒಂದು ಸೂಚನೆ. ನನ್ನ ಅಥವಾ ಅಕ್ಕನ ನಂಬರಿನಿಂದ ಯಾವುದೇ ಆಟದ ಲಿಂಕ್ ಬಂದಿದ್ದರೆ ತೆರೆಯಬೇಡಿ. ತೆರೆದು ಏನಾದರೂ ಇಳಿಸಿಕೊಂಡಿದ್ದರೆ ಇವತ್ತೇ ತೆಗೆಯಿರಿ, ದುಡ್ಡು ಕಟ್ಟಿದ್ದರೆ ಈಗಲೇ 1930ಕ್ಕೆ ಫೋನ್ ಮಾಡಿ. ನೂರಕ್ಕಿಂತ ಜಾಸ್ತಿ ರೊಟ್ಟಿ ಬೇಕಿದ್ದವರು ಮೆಸೇಜ್ ಹಾಕಿದ ಮೇಲೆ ಒಂದು ಫೋನ್ ಕೂಡ ಮಾಡಿ. ಕೈಯಲ್ಲಿ ಹಿಟ್ಟಿದ್ದರೂ ಸ್ಪೀಕರ್ ಹಾಕಿ ಮಾತಾಡುತ್ತೇವೆ.